ಮುತ್ತಿನ ಸರ ಮತ್ತು ಆರು ಚಮಚ

ಬದುಕಿನ ಹೊರೆಯನ್ನರಿಯದವರ ಹಗುರಮಾತೇ ಹಾಸ್ಯವೆಂದು ತರಗತಿಯಲ್ಲಿ ವಿದ್ಯಾರ್ಥಿಯೊಬ್ಬ ವಾದಿಸಿದ. ಉತ್ತರವಾಗಿ ನಾನು ಸಿಡ್ನಿ ಸ್ಮಿತ್ ಎಂಬ ಇಂಗ್ಲಿಷ್ ಪಾದ್ರಿಯ ಸಂಸಾರದ ಕಥೆಯನ್ನು ಹೇಳಿದೆ.

1800ರಲ್ಲಿ ಕ್ಯಾಥರೀನ್ ಪೈಬಸಳ ಕೈಹಿಡಿದಾಗ ಈತನ ಆಸ್ತಿಯೆಂದರೆ ಸವೆದುಹೋದ ಆರು ಬೆಳ್ಳಿಯ ಚಮಚಗಳು. ಅವನ್ನು ಆಕೆಯ ಮಡಿಲಿಗೆ ಹಾಕಿ, ತನ್ನ ಸರ್ವಸ್ವವೂ ಇನ್ನು ಆಕೆಯದೇ ಎಂದು ನಕ್ಕನಂತೆ. ಆಕೆಯಾದರೋ, ತಾಯಿ ಕೊಟ್ಟ ಮುತ್ತಿನ ಸರವನ್ನು ಮಾರಿ ಮನೆಗೆ ಬೇಕಾದುದನ್ನು ಹೊಂದಿಸಿದಳು.

1802ರಲ್ಲಿ ‘ಎಡಿನ್‌ಬರೊ ರಿವ್ಯೂ’ ಪತ್ರಿಕೆಯನ್ನು ಹುಟ್ಟುಹಾಕಿದವರಲ್ಲಿ ಈತನೊಬ್ಬ. ಲಂಡನ್ನಿನ ವಿದ್ವದ್ಗೋಷ್ಠಿಗಳ ಕಣ್ಮಣಿ. ಪಾದ್ರಿಗಳು ತಮ್ಮ ಇಗರ್ಜಿಯ ಊರಿನಲ್ಲೇ ನೆಲಸಬೇಕೆಂಬ ಕಟ್ಟಳೆ ಬಿಗಿಯಾದಾಗ, 1809ರಲ್ಲಿ ಯಾರ್ಕ್‌ಷೈರಿಗೆ ಹೊರಡಬೇಕಾಯಿತು. ಫಾಸ್ಟನ್ ಗ್ರಾಮದಲ್ಲಿ 150 ವರ್ಷಗಳಿಂದ ಪಾದ್ರಿಯೊಬ್ಬ ವಾಸವಾಗಿದ್ದುದೇ ಇಲ್ಲ. ನಿಂಬೆಹಣ್ಣು ಬೇಕೆಂದರೆ ಹನ್ನೆರಡು ಮೈಲಿ ಎಂದು ಆತನೇ ಹಾಸ್ಯಮಾಡುತ್ತಿದ್ದ.

ಮನೆ ಕಟ್ಟಲು ಸುಡಿಸಿದ ಒಂದೂವರೆ ಲಕ್ಷ ಇಟ್ಟಿಗೆ ಕೆಲಸಕ್ಕೆ ಬಾರದೆ ಹೋಯಿತು. ಸಾಮಾನು ಎಳೆಯಲು ತಂದ ನಾಲ್ಕು ಎತ್ತುಗಳಲ್ಲಿ ಎರಡು ಮೂರ್ಛೆ ಬೀಳುತ್ತಿದ್ದುವು, ಎರಡು ಕೆಸರಿನಲ್ಲಿ ಮಲಗುತ್ತಿದ್ದುವು. ಆದರೂ 1814ರಲ್ಲಿ ಗೃಹಪ್ರವೇಶವಾಯಿತು. ನೆರವು ಬೇಡಿ ಬಂದ ಹಳ್ಳಿಯ ಬಡಗಿಗೆ ಮರದ ಹಲಗೆಗಳನ್ನು ಒಪ್ಪಿಸಿ ಮೇಜು ಕುರ್ಚಿಗಳನ್ನು ಮಾಡಿಸಿದರು. ಹಳ್ಳಿಯ ಪುಟ್ಟ ಹುಡುಗಿಯೊಬ್ಬಳೇ ಪರಿಚಾರಿಕೆ. ಅವಳಿಗೆ ಅಕ್ಷರ ಕಲಿಸಿದವರು ಹೆಣ್ಣುಮಕ್ಕಳು, ಊಟಕ್ಕೆ ಬಡಿಸುವ ಕ್ರಮವನ್ನು ಕಲಿಸಿದವಳು ಯಜಮಾನತಿ. ಪಾದ್ರಿ ಬಾಗಿಲಲ್ಲೇ ನಿಂತು ದೂರದರ್ಶಕದಿಂದ ಹೊಲವನ್ನು ನೋಡುವನು, ಕಹಳೆಯಂಥ ಕೊಳವೆಯಲ್ಲಿ ಆಳುಗಳಿಗೆ ಕೂಗಿ ಹೇಳುವನು. ಕಾಯಿಲೆ ಬಿದ್ದವರಿಗೆ ತಾನೇ ಔಷಧಿ ಕೊಡುವನು. ಬಡವರಿಗೆ ತೋಟ ಮಾಡಿಕೊಳ್ಳಲು ತುಂಡುಭೂಮಿಗಳನ್ನೂ ಹಂಚಿದ. 1829ರಲ್ಲಿ ದೊಡ್ಡ ಮಗ ಡಗ್ಲಾಸ್ ತೀರಿಕೊಂಡ. ಆ ವರ್ಷವೇ ದಂಪತಿಗಳು ಫಾಸ್ಟನ್ನನ್ನು ಬಿಟ್ಟರು.

ಕಥೆ ಮುಗಿಯಿತು. “ನಕ್ಕವನು ಗಂಡ, ಸರ ಮಾರಿದವಳು ಹೆಂಡತಿಯಲ್ಲವೆ, ಸಾರ್?” ಎಂದ ಆ ಹುಡುಗ. ನಾನು ಒಂದು ಕ್ಷಣ ತಡೆದೆ. ಹಾಸ್ಯವನ್ನು ಸಮರ್ಥಿಸುವ ಆತುರದಲ್ಲಿ ನಾನೂ ಸರದ ಮಾತನ್ನು ಒಂದೇ ವಾಕ್ಯದಲ್ಲಿ ಮುಗಿಸಿದ್ದೆ.

ಸ್ಮಿತ್ 1845ರಲ್ಲಿ ತೀರಿಹೋದ. ಆತನ ಕಾಗದಪತ್ರಗಳನ್ನು ಕೂಡಿಸಿ ಕಾಪಾಡಿದವಳು ಕ್ಯಾಥರೀನ್. ಮಗಳು ಸಬಾ ಬರೆದ ತಂದೆಯ ಚರಿತ್ರೆ 1855ರಲ್ಲಿ ಅಚ್ಚಾಯಿತು. ಅದನ್ನು ನೋಡಲು ತಾಯಿ ಉಳಿದಿರಲಿಲ್ಲ, 1852ರಲ್ಲೇ ಕಣ್ಮುಚ್ಚಿದ್ದಳು. ಇಂದು ನಮಗೆ ಕೇಳಿಸುವ ಆತನ ನಗುವನ್ನು ಉಳಿಸಿಕೊಟ್ಟವಳೂ ಆಕೆಯೇ. ಹಾಸ್ಯದ ಪಾಠವನ್ನು ಈಗ ನಾನು ಆ ಮುತ್ತಿನ ಸರದಿಂದಲೇ ಆರಂಭಿಸುತ್ತೇನೆ.