ವಾರ್ಡಲ್ಲಿ ಹುಟ್ಟಿದ್ದು ಪ್ರೀತಿನಾ, ನಂಬಿಕೆನಾ?

ಇವತ್ತಿನ ವಿಷಯ ಸೊರಬ ಕಡೆಯ ಕೇಳುಗರೊಬ್ಬರ ವಾಯ್ಸ್ ಮೆಸೇಜ್‌ನಿಂದ ಬಂದಿದ್ದು. ಟ್ರೀಟ್‌ಮೆಂಟ್ ಕೊಡ್ತಿರೋ ಡಾಕ್ಟರ್ ಈಗ ದಿನಾ ರಾತ್ರಿ ಮೆಸೇಜ್ ಮಾಡ್ತಾರಂತೆ. "ನಂಗೂ ಅವ್ರು ಇಷ್ಟ. ಇದು ತಪ್ಪಾ?" ಅಂತ ಕೇಳಿದಾರೆ. ನಾನು ಬಿಕಾಂ ಓದಿದವನು, ಡಾಕ್ಟರೂ ಅಲ್ಲ, ವಕೀಲನೂ ಅಲ್ಲ. ಓದಿ ತಿಳ್ಕೊಂಡಿದ್ದನ್ನ ಹೇಳ್ತೀನಿ.

ಮೊದಲು ಸಿನಿಮಾ. ಪುಟ್ಟಣ್ಣ ಕಣಗಾಲರ 'ಮಾನಸ ಸರೋವರ', 1982. ಮನೋವೈದ್ಯನಾಗಿ ಶ್ರೀನಾಥ್, ರೋಗಿಯಾಗಿ ಪದ್ಮಾ ವಾಸಂತಿ. ಗುಣಪಡಿಸ್ತಾ ಡಾಕ್ಟರ್‌ಗೇ ಅವಳ ಮೇಲೆ ಪ್ರೀತಿ ಹುಟ್ಟುತ್ತೆ. ಹುಷಾರಾದ ಅವಳ ಮನಸ್ಸು ಬೇರೊಬ್ಬನ ಕಡೆ ಹೋಗುತ್ತೆ. ಕೊನೆಗೆ ಹುಚ್ಚು ಹಿಡಿಯೋದು ಡಾಕ್ಟರ್‌ಗೆ! 1969ರ ಹಿಂದಿ 'ಖಾಮೋಶಿ'ಯಲ್ಲಿ ನರ್ಸ್ ಆದ ವಹೀದಾ ರೆಹಮಾನ್ ಪಾತ್ರಕ್ಕೂ ಇದೇ ಗತಿ.

ಯಾಕೆ ಹೀಗೆ? ನೋವಲ್ಲಿದ್ದಾಗ ಆರೈಕೆ ಮಾಡೋರ ಮೇಲೆ ಸೆಳೆತ ಸಹಜ. ಫ್ರಾಯ್ಡ್ 1915ರಲ್ಲೇ ಬರೆದಿದ್ದ: ರೋಗಿಯ ಈ ಪ್ರೀತಿ ಚಿಕಿತ್ಸೆಯ ಸನ್ನಿವೇಶದಿಂದ ಹುಟ್ಟೋದು, ವೈದ್ಯ ಅದನ್ನ ತನ್ನ ಗೆಲುವು ಅನ್ಕೋಬಾರದು. ಜೊತೆಗೆ ನಿಮ್ಮ ಕಾಯಿಲೆ, ಮನೆ ವಿಷಯ ಎಲ್ಲ ಅವರಿಗೆ ಗೊತ್ತು. ಅವರ ಬಗ್ಗೆ ನಿಮಗೇನು ಗೊತ್ತು? ತಕ್ಕಡಿ ಸಮ ಇಲ್ಲ.

ಅದಕ್ಕೇ ನಿಯಮ ಇದೆ. ಭಾರತೀಯ ವೈದ್ಯಕೀಯ ಪರಿಷತ್ತಿನ 2002ರ ನೀತಿ ನಿಯಮಾವಳಿ, 7.4: ವೃತ್ತಿಯ ಸ್ಥಾನ ದುರುಪಯೋಗ ಮಾಡಿ ರೋಗಿ ಜೊತೆ ಅನುಚಿತ ಸಂಬಂಧ ಇಟ್ಕೊಂಡ್ರೆ ವೈದ್ಯರ ಮೇಲೆ ಶಿಸ್ತುಕ್ರಮ. ನಮ್ಮ ರಾಜ್ಯದಲ್ಲಿ ದೂರು ಕೊಡೋದು ಕರ್ನಾಟಕ ವೈದ್ಯಕೀಯ ಪರಿಷತ್ತಿಗೆ. ಗಮನಿಸಿ, ಹೊಣೆ ಡಾಕ್ಟರ್ ಮೇಲಿದೆ, ನಿಮ್ಮ ಮೇಲಲ್ಲ.

ಡಾಕ್ಟರ್-ಡಾಕ್ಟರ್, ಡಾಕ್ಟರ್-ನರ್ಸ್ ಪ್ರೀತಿ? ಇಬ್ಬರಿಗೂ ಒಪ್ಪಿಗೆ ಇದ್ರೆ ಅದು ಅವರಿಷ್ಟ. ಆದ್ರೆ ಸೀನಿಯರ್ ಒತ್ತಾಯ ಮಾಡಿದ್ರೆ 2013ರ ಲೈಂಗಿಕ ಕಿರುಕುಳ ತಡೆ ಕಾಯ್ದೆ ಇದೆ. 10 ಅಥವಾ ಹೆಚ್ಚು ಜನ ಕೆಲಸ ಮಾಡೋ ಕಡೆ ಆಂತರಿಕ ಸಮಿತಿ ಇರಲೇಬೇಕು. ಚಿಕ್ಕ ಕ್ಲಿನಿಕ್ ಆದ್ರೆ ಜಿಲ್ಲೆಯ ಸ್ಥಳೀಯ ಸಮಿತಿ. ಸಾಮಾನ್ಯವಾಗಿ 3 ತಿಂಗಳೊಳಗೆ ದೂರು ಕೊಡಬೇಕು.

ಶಿಕಾರಿಪುರ, ಸೊರಬದಂಥ ಊರಲ್ಲಿ ಇನ್ನೊಂದು ಕಷ್ಟ. ಸ್ಪೆಷಲಿಸ್ಟ್ ಬದಲಾಯಿಸಬೇಕು ಅಂದ್ರೆ ಎಷ್ಟೋ ಸಲ ಶಿವಮೊಗ್ಗ ಬಸ್ಸೇ ಹತ್ತಬೇಕು. "ಬೇಡ ಅಂದ್ರೆ ಟ್ರೀಟ್‌ಮೆಂಟ್ ನಿಲ್ಲುತ್ತೇನೋ" ಅನ್ನೋ ಭಯಕ್ಕೆ ಹೂಂ ಅನ್ನೋದು ಪ್ರೀತಿ ಅಲ್ಲ.

ಹಾಗಾಗಿ ಸೊರಬದ ಗೆಳತಿಗೆ: ಇಷ್ಟ ಆಗಿದ್ದು ನಿಮ್ಮ ತಪ್ಪಲ್ಲ. ಮೊದಲು ಬೇರೆ ಡಾಕ್ಟರ್ ಹತ್ರ ಟ್ರೀಟ್‌ಮೆಂಟ್ ಬದಲಾಯಿಸ್ಕೊಳ್ಳಿ, ಪೂರ್ತಿ ಹುಷಾರಾಗಿ. ಮೆಸೇಜ್ ಡಿಲೀಟ್ ಮಾಡ್ಬೇಡಿ. ನಿಜವಾಗ್ಲೂ ಪ್ರೀತಿ ಇದ್ರೆ ಅವರು ಅಲ್ಲಿವರೆಗೂ ಕಾಯ್ತಾರೆ.