ಲೈಸೆನ್ಸು ಒಂದೇ, ತಾರೀಖು ಎರಡು: ಮರೆತರೆ ಡ್ರೈವರ್‌ಗೂ ಕಷ್ಟ, ಮಾಲೀಕನಿಗೂ ನಷ್ಟ

ಹಿಂದೂಪುರ/ಕಲ್ಯಾಣದುರ್ಗ: ಲಾರಿಯ ಎಫ್‌ಸಿ ಯಾವಾಗ ಮುಗಿಯುತ್ತೆ, ಇನ್ಶೂರೆನ್ಸ್ ಎಂದು ಕಟ್ಟಬೇಕು, ಪರ್ಮಿಟ್ ಎಲ್ಲಿಯವರೆಗೆ ಇದೆ ಅಂತ ಕೇಳಿ ನೋಡಿ. ಗಡಿ ಭಾಗದ ಡ್ರೈವರುಗಳು ನಿಂತ ನಿಲುವಿನಲ್ಲೇ ಹೇಳುತ್ತಾರೆ. ಅದೇ ಸ್ವಂತ ಜೇಬಿನಲ್ಲಿರುವ ಲೈಸೆನ್ಸಿನ ತಾರೀಖು ಕೇಳಿದರೆ ಮಾತ್ರ ಪರ್ಸು ತೆಗೆದು ನೋಡಬೇಕು. ನೋಡಿದರೂ ಎಷ್ಟೋ ಮಂದಿ ಓದುವುದು ತಪ್ಪು ತಾರೀಖನ್ನೇ.

ಹಿಂದೂಪುರದಿಂದ ಬೆಂಗಳೂರು ಸುಮಾರು 100 ಕಿ.ಮೀ. ಇಲ್ಲಿನ ಮಾರುಕಟ್ಟೆಯ ಬೆಲ್ಲ, ಹುಣಸೆಹಣ್ಣು, ರೇಷ್ಮೆಗೂಡು, ತೂಮಕುಂಟ ಕೈಗಾರಿಕಾ ಪ್ರದೇಶದ ಸರಕು, ಕಲ್ಯಾಣದುರ್ಗದ ಕಡೆಯ ಶೇಂಗಾ, ಚೀನಿಕಾಯಿ ಎಲ್ಲವೂ ಲಾರಿ, ಮಿನಿ ಲಾರಿ ಹತ್ತಿಯೇ ಹೋಗಬೇಕು. ಗೌರಿಬಿದನೂರು, ಮಧುಗಿರಿ, ಪಾವಗಡ, ಚಳ್ಳಕೆರೆಯ ದಾರಿಯಲ್ಲಿ ದಿನವೂ ಗಡಿ ದಾಟುವ ಡ್ರೈವರುಗಳಲ್ಲಿ ಮನೆಯಲ್ಲಿ ಕನ್ನಡ, ಸ್ಟ್ಯಾಂಡಿನಲ್ಲಿ ತೆಲುಗು ಮಾತನಾಡುವವರು ಬಹಳ. ಸ್ಟೇರಿಂಗ್ ಹಿಡಿದರೆ ಮಾತ್ರ ಮನೆಯಲ್ಲಿ ಒಲೆ ಉರಿಯುವ ಇಂಥ ಕುಟುಂಬಗಳಿಗೆ ಲೈಸೆನ್ಸು ಬರೀ ಗುರುತಿನ ಚೀಟಿಯಲ್ಲ, ಅದೇ ಅವರ ಪಟ್ಟಾ ಪುಸ್ತಕ. ಆದರೆ ಅದನ್ನು ನವೀಕರಿಸುವ ವಿಚಾರದಲ್ಲಿ '‌ಮುಂದಿನ ತಿಂಗಳು ಮಾಡಿಸಿದ್ರಾಯ್ತು' ಎನ್ನುವ ಉದಾಸೀನ ಇನ್ನೂ ಹೋಗಿಲ್ಲ.

ಎರಡು ತಾರೀಖಿನ ಗೊಂದಲ

ಬಾಡಿಗೆ ವಾಹನ ಓಡಿಸುವವರ ಕಾರ್ಡಿನಲ್ಲಿ ಅವಧಿ ಮುಗಿಯುವ ತಾರೀಖು ಎರಡಿರುತ್ತವೆ. 'ಎನ್‌ಟಿ' ಎಂದರೆ ನಾನ್ ಟ್ರಾನ್ಸ್‌ಪೋರ್ಟ್. ಸ್ವಂತಕ್ಕೆ ಬಳಸುವ ಬೈಕು, ಕಾರಿನ ಮಾತು ಅದು. 'ಟಿಆರ್' ಎಂದರೆ ಟ್ರಾನ್ಸ್‌ಪೋರ್ಟ್, ಅಂದರೆ ಲಾರಿ, ಬಸ್ಸು, ಬಾಡಿಗೆ ವಾಹನದ ಮಾತು. ಎರಡರ ಆಯುಷ್ಯವೂ ಬೇರೆ ಬೇರೆ.

1988ರ ಮೋಟಾರು ವಾಹನ ಕಾಯ್ದೆಗೆ 2019ರಲ್ಲಿ ತಿದ್ದುಪಡಿ ಆಯಿತು. ಲೈಸೆನ್ಸಿಗೆ ಸಂಬಂಧಿಸಿದ ಹಲವು ಬದಲಾವಣೆಗಳು ಆ ವರ್ಷದ ಸೆಪ್ಟೆಂಬರ್ 1ರಿಂದ ಜಾರಿಗೆ ಬಂದವು. ಅದಕ್ಕೂ ಮೊದಲು ಟ್ರಾನ್ಸ್‌ಪೋರ್ಟ್ ಲೈಸೆನ್ಸಿನ ಅವಧಿ 3 ವರ್ಷ ಇತ್ತು, ಈಗ 5 ವರ್ಷ. ನಾನ್ ಟ್ರಾನ್ಸ್‌ಪೋರ್ಟ್ ಲೈಸೆನ್ಸಿಗೆ ವಯಸ್ಸಿನ ಲೆಕ್ಕ. 30 ವರ್ಷದೊಳಗಿನವರಿಗೆ 40 ತುಂಬುವವರೆಗೆ, 30ರಿಂದ 50ರೊಳಗಿನವರಿಗೆ 10 ವರ್ಷ, 50ರಿಂದ 55ರೊಳಗಿನವರಿಗೆ 60 ತುಂಬುವವರೆಗೆ, 55 ದಾಟಿದವರಿಗೆ 5 ವರ್ಷ.

ಎಡವಟ್ಟು ಆಗುವುದೇ ಇಲ್ಲಿ. 32 ವರ್ಷದ ಡ್ರೈವರ್ ಒಬ್ಬ 2022ರಲ್ಲಿ ಎರಡನ್ನೂ ನವೀಕರಿಸಿಕೊಂಡ ಎನ್ನಿ. ಕಾರ್ಡಿನಲ್ಲಿ ಎನ್‌ಟಿ ಎದುರು 2032 ಇರುತ್ತದೆ, ಟಿಆರ್ ಎದುರು 2027. ದೊಡ್ಡ ತಾರೀಖು ಕಣ್ಣಿಗೆ ಬಿದ್ದರೆ 'ಇನ್ನೂ ಬೇಕಾದಷ್ಟು ಟೈಮ್ ಇದೆ' ಅನಿಸುತ್ತದೆ. 2027 ದಾಟಿದ ಮರುದಿನ ಆತ ಹತ್ತು ಚಕ್ರದ ಲಾರಿ ಹತ್ತಿದರೆ ಕಾನೂನಿನ ಲೆಕ್ಕದಲ್ಲಿ ಆ ಲಾರಿಗೆ ಲೈಸೆನ್ಸು ಇಲ್ಲದವನೇ. ಹತ್ತಾರು ವರ್ಷದ ಅನುಭವ ಇದ್ದರೂ ಅಷ್ಟೇ.

ಮೂವತ್ತು ದಿನದ ಮಾಫಿ ಈಗಿಲ್ಲ

ಹಳೇ ಡ್ರೈವರುಗಳ ತಲೆಯಲ್ಲಿ ಕೂತಿರುವ ಇನ್ನೊಂದು ಮಾತು, 'ಡೇಟ್ ಮುಗಿದ ಮೇಲೂ ಒಂದು ತಿಂಗಳು ನಡೆಯುತ್ತೆ' ಎಂಬುದು. 2019ಕ್ಕೆ ಮೊದಲು ಇದು ನಿಜವೇ ಆಗಿತ್ತು. ಅವಧಿ ಮುಗಿದ ನಂತರವೂ 30 ದಿನ ಲೈಸೆನ್ಸು ಊರ್ಜಿತ ಎಂದು ಕಾಯ್ದೆಯ 14ನೇ ಕಲಮಿನಲ್ಲೇ ಬರೆದಿತ್ತು. ತಿದ್ದುಪಡಿಯಲ್ಲಿ ಆ ಸಾಲನ್ನು ತೆಗೆದುಹಾಕಲಾಗಿದೆ. ಈಗ ತಾರೀಖು ಮುಗಿಯಿತು ಎಂದರೆ ಮುಗಿಯಿತು.

ಕೋವಿಡ್ ಕಾಲದ ರಿಯಾಯಿತಿ ಕೂಡ ಕೆಲವರ ಲೆಕ್ಕ ತಪ್ಪಿಸಿತ್ತು. 2020ರ ಫೆಬ್ರುವರಿ 1ರ ನಂತರ ಅವಧಿ ಮುಗಿದ ದಾಖಲೆಗಳನ್ನು ಊರ್ಜಿತ ಎಂದೇ ಪರಿಗಣಿಸುವಂತೆ ಕೇಂದ್ರ ಸಾರಿಗೆ ಸಚಿವಾಲಯ ರಾಜ್ಯಗಳಿಗೆ ತಿಳಿಸಿತ್ತು. ಆ ಗಡುವನ್ನು ಮೇಲಿಂದ ಮೇಲೆ ಮುಂದಕ್ಕೆ ಹಾಕಿ 2021ರ ಅಕ್ಟೋಬರ್ 31ರವರೆಗೆ ತರಲಾಯಿತು. ಅದು ಆಗಿನ ಕಾಲಕ್ಕೆ ಕೊಟ್ಟ ವಿನಾಯಿತಿ. ಅದನ್ನೇ ನೆಚ್ಚಿಕೊಂಡು ಕೂರುವಂತಿಲ್ಲ.

ಹಾಗೆಂದು ಹೊಸ ನಿಯಮದಲ್ಲಿ ಬರೀ ಬಿಗಿ ಅಷ್ಟೇ ಇಲ್ಲ, ಅನುಕೂಲವೂ ಇದೆ. ಅವಧಿ ಮುಗಿಯಲು ಒಂದು ವರ್ಷ ಇರುವಾಗಲೇ ನವೀಕರಣಕ್ಕೆ ಅರ್ಜಿ ಹಾಕಬಹುದು. ಮುಗಿದ ಮೇಲೂ ಒಂದು ವರ್ಷದೊಳಗೆ ಹೋದರೆ ಮತ್ತೆ ಡ್ರೈವಿಂಗ್ ಪರೀಕ್ಷೆ ಬೇಕಾಗಿಲ್ಲ. ಒಂದು ವರ್ಷ ದಾಟಿತೋ, ಹೊಸಬರ ಹಾಗೆ ಪರೀಕ್ಷೆ ಕೊಟ್ಟು ಪಾಸಾಗಬೇಕು. ಮೊದಲು ಇದಕ್ಕೆ 5 ವರ್ಷದವರೆಗೆ ಅವಕಾಶ ಇತ್ತು.

ಈ 'ಒಂದು ವರ್ಷ'ವನ್ನು ಓಡಿಸಲು ಕೊಟ್ಟ ರಜೆ ಎಂದು ತಿಳಿಯುವುದು ದೊಡ್ಡ ತಪ್ಪು. ಅದು ಅರ್ಜಿ ಹಾಕಲು ಇರುವ ಕಾಲ, ಗಾಡಿ ಓಡಿಸಲು ಅಲ್ಲ. ಜೂನ್ 10ಕ್ಕೆ ಮುಗಿದ ಲೈಸೆನ್ಸನ್ನು ಜೂನ್ 25ಕ್ಕೆ ನವೀಕರಿಸಿದರೆ ಅದು ಊರ್ಜಿತವಾಗುವುದು 25ರಿಂದಲೇ. ನಡುವಿನ ಎರಡು ವಾರ ಖಾಲಿಯೇ ಉಳಿಯುತ್ತದೆ. ಆ ಖಾಲಿ ದಿನಗಳಲ್ಲಿ ಏನಾದರೂ ನಡೆದರೆ ಆಮೇಲೆ ತಂದ ಕಾರ್ಡು ಕಾಪಾಡುವುದಿಲ್ಲ.

ದಂಡಕ್ಕಿಂತ ಪರಿಹಾರವೇ ಭಾರ

ಊರ್ಜಿತ ಲೈಸೆನ್ಸಿಲ್ಲದೆ ಓಡಿಸಿದರೆ ಕಾಯ್ದೆಯ 181ನೇ ಕಲಮಿನ ಪ್ರಕಾರ 5,000 ರೂ. ದಂಡ, ಇಲ್ಲವೇ 3 ತಿಂಗಳವರೆಗೆ ಜೈಲು, ಇಲ್ಲವೇ ಎರಡೂ. ಮೊದಲು ಈ ದಂಡ 500 ರೂ. ಇತ್ತು. ಅಂಥವನ ಕೈಗೆ ಗಾಡಿ ಕೊಟ್ಟ ಮಾಲೀಕನ ಮೇಲೆ 180ನೇ ಕಲಮಿನಲ್ಲಿ ಬೇರೆ ಕೇಸು. ದಂಡ ಕಟ್ಟಿ ಪಾರಾಗಬಹುದು ಎನ್ನುವವರು ಇದ್ದಾರೆ. ಆದರೆ ಅಪಘಾತ ಆದಾಗ ಕಥೆಯೇ ಬೇರೆ.

ಮೂರನೆಯವರಿಗೆ ಸಾವು, ನೋವು ಆದರೆ ಪರಿಹಾರದ ಅರ್ಜಿ ಮೋಟಾರು ಅಪಘಾತ ನ್ಯಾಯಮಂಡಳಿಗೆ ಹೋಗುತ್ತದೆ. ಡ್ರೈವರ್ ಬಳಿ ಆ ವಾಹನಕ್ಕೆ ಬೇಕಾದ ಊರ್ಜಿತ ಲೈಸೆನ್ಸು ಇರಲಿಲ್ಲ ಎಂದು ವಾದಿಸಲು ವಿಮಾ ಕಂಪನಿಗೆ ಕಾನೂನಿನಲ್ಲೇ ಅವಕಾಶ ಇದೆ. ಸ್ವರಣ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2004ರ ಜನವರಿಯಲ್ಲಿ ಕೊಟ್ಟ ತೀರ್ಪಿನಂತೆ, ಬರೀ ಲೈಸೆನ್ಸು ಇರಲಿಲ್ಲ ಎಂದರೆ ಸಾಲದು, ಮಾಲೀಕನ ಕಡೆಯಿಂದ ನಿರ್ಲಕ್ಷ್ಯ ಆಗಿದೆ ಎಂಬುದನ್ನೂ ಕಂಪನಿ ತೋರಿಸಬೇಕು. ಹಾಗೆ ತೋರಿಸಿದಾಗ ಸಂತ್ರಸ್ತರಿಗೆ ಮೊದಲು ಕಂಪನಿಯೇ ಹಣ ಕೊಟ್ಟು, ನಂತರ ಅದನ್ನು ಮಾಲೀಕನಿಂದ ವಸೂಲು ಮಾಡಿಕೊಳ್ಳುವಂತೆ ಆದೇಶಿಸುವುದುಂಟು.

ಫೈನಾನ್ಸಿನ ಸಾಲದಲ್ಲಿ ಒಂದೇ ಲಾರಿ ಕೊಂಡು, ತಾನೇ ಡ್ರೈವರ್ ತಾನೇ ಮಾಲೀಕ ಆಗಿರುವವನಿಗೆ ಇಂಥ ವಸೂಲಿ ಬಂದರೆ ಲಾರಿ ಮಾರಿದರೂ ತೀರುವುದು ಕಷ್ಟ. ಬೇರೆ ಡ್ರೈವರ್ ಇಟ್ಟುಕೊಂಡವರಿಗೂ ಇದು ಪಾಠವೇ. ಕೆಲಸಕ್ಕೆ ಸೇರಿಸಿಕೊಂಡ ದಿನ ಲೈಸೆನ್ಸು ನೋಡಿದರೆ ಸಾಲದು, ಅದು ಯಾವಾಗ ಮುಗಿಯುತ್ತೆ ಎಂಬುದನ್ನು ಎಫ್‌ಸಿ, ಪರ್ಮಿಟ್ ಜೊತೆಗೇ ಬರೆದಿಟ್ಟುಕೊಳ್ಳಬೇಕು.

ಏಳೂವರೆ ಟನ್ನಿನ ತೀರ್ಪು

ಟಾಟಾ ಏಸ್, ಬೊಲೆರೊ ಪಿಕಪ್‌ನಂಥ ಸಣ್ಣ ಗಾಡಿ ಓಡಿಸುವವರಿಗೆ ಮಾತ್ರ ಒಂದು ದೊಡ್ಡ ನಿರಾಳ ಸಿಕ್ಕಿದೆ. ಎಲ್‌ಎಂವಿ ಲೈಸೆನ್ಸು ಇದ್ದವರು ಒಟ್ಟು ತೂಕ 7,500 ಕೆ.ಜಿ. ಒಳಗಿನ ಟ್ರಾನ್ಸ್‌ಪೋರ್ಟ್ ವಾಹನ ಓಡಿಸಲು ಬೇರೆ ಅನುಮತಿ ಬೇಕಿಲ್ಲ ಎಂದು ಮುಕುಂದ್ ದೇವಾಂಗನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2017ರಲ್ಲಿ ಹೇಳಿತ್ತು. ವಿಮಾ ಕಂಪನಿಗಳು ಇದನ್ನು ಮತ್ತೆ ಪ್ರಶ್ನಿಸಿದವು. ಕೊನೆಗೆ 2024ರ ನವೆಂಬರ್ 6ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಅದೇ ಮಾತನ್ನು ಎತ್ತಿಹಿಡಿಯಿತು.

ಆದರೆ ಈ ತೀರ್ಪನ್ನು ಅಳತೆ ಮೀರಿ ಎಳೆಯಬಾರದು. ನೋಡಬೇಕಾದ್ದು ಗಾಡಿಯ ಗಾತ್ರವನ್ನಲ್ಲ, ಆರ್‌ಸಿಯಲ್ಲಿ ಬರೆದ ಒಟ್ಟು ತೂಕವನ್ನು. ಗಾಡಿ ಖಾಲಿ ಇದ್ದರೂ ಲೆಕ್ಕ ಅದೇ. 7,500 ಕೆ.ಜಿ. ದಾಟಿದ ಲಾರಿಗೆ, ಬಸ್ಸಿಗೆ ಟ್ರಾನ್ಸ್‌ಪೋರ್ಟ್ ಅನುಮತಿ ಬೇಕೇ ಬೇಕು, ಅದು ಚಾಲ್ತಿಯಲ್ಲೂ ಇರಬೇಕು. ಅಪಾಯಕಾರಿ ಸರಕು ಸಾಗಿಸುವವರಿಗೂ ಈ ರಿಯಾಯಿತಿ ಇಲ್ಲ.

ಟ್ಯಾಂಕರ್ ಡ್ರೈವರುಗಳಿಗೆ ಬೇರೆ ಲೆಕ್ಕ

ಪೆಟ್ರೋಲ್, ಡೀಸೆಲ್, ಗ್ಯಾಸ್, ಆಸಿಡ್‌ನಂಥ ಸರಕು ಸಾಗಿಸಲು ಹೆವಿ ಲೈಸೆನ್ಸು ಒಂದೇ ಸಾಲದು. ಅಪಾಯಕಾರಿ ಸರಕಿನ ಅನುಮತಿಯನ್ನು ಲೈಸೆನ್ಸಿನ ಮೇಲೆ ಬರೆಸಿಕೊಳ್ಳಬೇಕು. ಕೇಂದ್ರ ಮೋಟಾರು ವಾಹನ ನಿಯಮಗಳ 9ನೇ ನಿಯಮದಂತೆ ಇದಕ್ಕೆ 3 ದಿನದ ತರಬೇತಿ ಆಗಿರಬೇಕು. ಸಂವಿಧಾನದ 8ನೇ ಪರಿಚ್ಛೇದದಲ್ಲಿರುವ ಒಂದು ಭಾರತೀಯ ಭಾಷೆಯ ಜೊತೆಗೆ ಇಂಗ್ಲಿಷ್ ಓದಲು, ಬರೆಯಲು ಬರಬೇಕು. ಟ್ಯಾಂಕರ್ ಮೇಲಿನ ಎಚ್ಚರಿಕೆ ಫಲಕ, ಸರಕಿನ ಜೊತೆ ಕೊಡುವ ಸುರಕ್ಷತಾ ಸೂಚನೆ ಓದಿಕೊಳ್ಳಲು ಇದು ಅಗತ್ಯ. ಭಾಷೆಗಳಲ್ಲಿ ಕನ್ನಡವೂ ಇದೆ, ತೆಲುಗೂ ಇದೆ. ಹೀಗಾಗಿ ಕನ್ನಡ ಶಾಲೆಯಲ್ಲಿ ಕಲಿತವರಿಗೆ ಇಲ್ಲಿ ಅಡ್ಡಿಯಿಲ್ಲ, ಕಷ್ಟ ಇರುವುದು ಇಂಗ್ಲಿಷ್‌ನದು.

ಮೊದಲು ಈ ಅನುಮತಿಯ ಅವಧಿ ಬರೀ ಒಂದು ವರ್ಷ. 2019ರ ತಿದ್ದುಪಡಿಯಲ್ಲಿ 3 ವರ್ಷ ಆಗಿದೆ. ಅಂದರೆ ಟ್ಯಾಂಕರ್ ಡ್ರೈವರ್ ನೆನಪಿಡಬೇಕಾದ್ದು ಎರಡಲ್ಲ, ಮೂರು ತಾರೀಖು.

ಕಣ್ಣಿನ ಪರೀಕ್ಷೆಗೆ ಯಾಕೆ ಹೆದರಿಕೆ?

ಟ್ರಾನ್ಸ್‌ಪೋರ್ಟ್ ಲೈಸೆನ್ಸು ನವೀಕರಣಕ್ಕೆ ವಯಸ್ಸು ಎಷ್ಟೇ ಇರಲಿ, ಫಾರಂ 1-ಎ ವೈದ್ಯಕೀಯ ಸರ್ಟಿಫಿಕೇಟ್ ಕಡ್ಡಾಯ. ಸ್ವಂತ ವಾಹನದವರಿಗೆ 40 ದಾಟಿದ ಮೇಲೆ ಮಾತ್ರ. ಹಗಲು ಬೆಳಕಿನಲ್ಲಿ 25 ಮೀಟರ್ ದೂರದಿಂದ ವಾಹನದ ನಂಬರ್ ಪ್ಲೇಟ್ ಓದಲು ಆಗುತ್ತದೆಯೇ, ಕೆಂಪು-ಹಸಿರು ಬಣ್ಣ ಗುರುತಿಸಲು ಬರುತ್ತದೆಯೇ, ಇರುಳುಗುರುಡು ಇದೆಯೇ, ಕಿವಿ ಕೇಳಿಸುತ್ತದೆಯೇ ಎಂಬುದನ್ನು ವೈದ್ಯರು ನೋಡಿ ಬರೆಯಬೇಕು.

ಕಣ್ಣು ಮಂಜಾದದ್ದು ಗೊತ್ತಾದರೆ ಕೆಲಸ ಹೋಗುತ್ತೆ ಎಂಬ ಭಯಕ್ಕೆ ನವೀಕರಣವನ್ನೇ ಮುಂದಕ್ಕೆ ತಳ್ಳುವವರಿದ್ದಾರೆ. ಇನ್ನು ಕೆಲವರು ವೈದ್ಯರ ಮುಖ ನೋಡದೆ ಸರ್ಟಿಫಿಕೇಟ್ ತರಿಸಿಕೊಳ್ಳುತ್ತಾರೆ. ಎರಡೂ ಕೊನೆಗೆ ರಾತ್ರಿ ಟ್ರಿಪ್ಪಿನಲ್ಲಿ ಎದುರು ಗಾಡಿಯ ಬೆಳಕಿಗೆ ಕಣ್ಣು ಕುಕ್ಕಿದಾಗ ಲೆಕ್ಕಕ್ಕೆ ಬರುತ್ತವೆ. ಕನ್ನಡಕ ಹಾಕಿಕೊಂಡರೆ ಸರಿಹೋಗುವ ದೋಷಕ್ಕೆ ಲೈಸೆನ್ಸು ತಪ್ಪುವುದಿಲ್ಲ ಎಂಬುದು ಡ್ರೈವರುಗಳಿಗೆ ತಿಳಿಯಬೇಕಿದೆ.

ಆ ಕಡೆ ಲೈಸೆನ್ಸು, ಈ ಕಡೆ ಮನೆ

ಪಾವಗಡದ ನೆಂಟರ ಮನೆಯಲ್ಲಿದ್ದು ಕರ್ನಾಟಕದಲ್ಲಿ ಲೈಸೆನ್ಸು ಮಾಡಿಸಿ, ಈಗ ಕಲ್ಯಾಣದುರ್ಗ ಅಥವಾ ಹಿಂದೂಪುರದಲ್ಲಿ ಸಂಸಾರ ಹೂಡಿದವರು ಈ ಭಾಗದಲ್ಲಿ ಅಪರೂಪವಲ್ಲ. ಇಂಥವರು ನವೀಕರಣಕ್ಕೆ ಮೊದಲು ಮಾಡಿಸಿದ ಕಚೇರಿಗೇ ಹೋಗಬೇಕು ಎಂದುಕೊಂಡು ದಿನ ದೂಡುತ್ತಾರೆ. 15ನೇ ಕಲಮಿನ ಪ್ರಕಾರ ಲೈಸೆನ್ಸು ಕೊಟ್ಟ ಕಚೇರಿಯೇ ಆಗಬೇಕೆಂದಿಲ್ಲ. ಬೇರೆ ಕಚೇರಿ ನವೀಕರಿಸಿದರೆ ಆ ವಿಷಯವನ್ನು ಮೂಲ ಕಚೇರಿಗೆ ತಿಳಿಸುವುದು ಅಧಿಕಾರಿಗಳ ಕೆಲಸ. ಹೊಸ ವಿಳಾಸದ ದಾಖಲೆ ಮಾತ್ರ ಕೈಯಲ್ಲಿ ಇರಬೇಕು.

2022ರ ಏಪ್ರಿಲ್ 4ರಂದು ಆಂಧ್ರದಲ್ಲಿ ಹೊಸ ಜಿಲ್ಲೆಗಳಾದಾಗ ಹಿಂದೂಪುರ ಶ್ರೀ ಸತ್ಯಸಾಯಿ ಜಿಲ್ಲೆಗೆ ಸೇರಿತು, ಕಲ್ಯಾಣದುರ್ಗ ಅನಂತಪುರ ಜಿಲ್ಲೆಯಲ್ಲೇ ಉಳಿಯಿತು. ಹಳೇ ಕಾರ್ಡಿನಲ್ಲಿ ಅನಂತಪುರ ಜಿಲ್ಲೆ ಎಂದಿದ್ದ ಮಾತ್ರಕ್ಕೆ ಲೈಸೆನ್ಸು ರದ್ದಾಗುವುದಿಲ್ಲ. ತೊಂದರೆ ಬರುವುದು ಹೆಸರಿನಲ್ಲಿ. ಆಧಾರ್‌ನಲ್ಲಿ ಮನೆತನದ ಹೆಸರು ಪೂರ್ತಿ ಮುಂದೆ, ಲೈಸೆನ್ಸಿನಲ್ಲಿ ಬರೀ ಇನಿಶಿಯಲ್ ಅದೂ ಹಿಂದೆ ಎಂಬಂತಿದ್ದರೆ ಆನ್‌ಲೈನ್ ಅರ್ಜಿ ಅಲ್ಲೇ ನಿಲ್ಲಬಹುದು. ಕೈಬರಹದ ಪುಸ್ತಕದ ಲೈಸೆನ್ಸು ಇಟ್ಟುಕೊಂಡವರು ತಮ್ಮ ವಿವರ ಕಂಪ್ಯೂಟರಿನಲ್ಲಿ ಇದೆಯೇ ಎಂದು ಮೊದಲೇ ನೋಡಿಸಿಕೊಳ್ಳಬೇಕು. ಇಂಥ ತಿದ್ದುಪಡಿಗೆ ದಿನಗಳು ಹಿಡಿಯುತ್ತವೆ. ಕೊನೇ ವಾರದಲ್ಲಿ ಓಡಿದರೆ ಬ್ರೋಕರ್ ಕೇಳಿದಷ್ಟು ಕೊಡುವುದೊಂದೇ ದಾರಿ ಆಗುತ್ತದೆ.

ಅಸಲಿಗೆ ಕೇಂದ್ರ ನಿಯಮದಲ್ಲಿ ನವೀಕರಣದ ಶುಲ್ಕ 200 ರೂ. ಮಾತ್ರ. ಕಾರ್ಡು ಮತ್ತು ರಾಜ್ಯದ ಸೇವಾ ಶುಲ್ಕ ಬೇರೆ. ತಡವಾದರೆ 300 ರೂ. ಆಗುತ್ತದೆ, ಇನ್ನೂ ಎಳೆದರೆ ವರ್ಷಕ್ಕೆ 1,000 ರೂ.ನಂತೆ ಹೆಚ್ಚುವರಿ ಸೇರುತ್ತದೆ.

ನೆನಪಿರಲಿ

* ಕಾರ್ಡಿನಲ್ಲಿ ಟಿಆರ್ ತಾರೀಖು ನೋಡಿ, ಎನ್‌ಟಿ ತಾರೀಖು ನೋಡಿ ಮೋಸಹೋಗಬೇಡಿ.
* ಮುಗಿಯುವ 3-4 ತಿಂಗಳು ಮೊದಲೇ ಅರ್ಜಿ ಹಾಕಿ. ಒಂದು ವರ್ಷ ಮೊದಲೂ ಹಾಕಬಹುದು.
* ಆಧಾರ್, ಲೈಸೆನ್ಸಿನಲ್ಲಿ ಹೆಸರು, ಹುಟ್ಟಿದ ದಿನ ಒಂದೇ ಇವೆಯೇ ನೋಡಿ.
* ಫಾರಂ 1-ಎ ಅನ್ನು ವೈದ್ಯರ ಬಳಿ ಖುದ್ದಾಗಿ ಹೋಗಿ ಮಾಡಿಸಿ.
* ಹಳೇ ಮೊಬೈಲ್ ನಂಬರ್ ಬದಲಾಗಿದ್ದರೆ ದಾಖಲೆಯಲ್ಲೂ ಬದಲಿಸಿ. ಒಟಿಪಿ ಬರುವುದು ಅದಕ್ಕೇ.
* ಡಿಜಿಲಾಕರ್, ಎಂಪರಿವಾಹನ್‌ನಲ್ಲಿರುವ ಲೈಸೆನ್ಸು ಎರಡೂ ರಾಜ್ಯಗಳಲ್ಲಿ ನಡೆಯುತ್ತದೆ. 2018ರ ನವೆಂಬರ್‌ನಲ್ಲೇ ನಿಯಮ ಬದಲಾಗಿದೆ.
* ಅವಧಿ ಮುಗಿದಿದ್ದರೆ ಹೊಸದು ಕೈಗೆ ಬರುವವರೆಗೆ ಟ್ರಿಪ್ ಬೇಡ. 'ಇಲ್ಲೇ ಪಕ್ಕದ ಊರು ತಾನೇ' ಎಂಬ ಮಾತೂ ಬೇಡ.

ಆಗಬೇಕಾದ್ದೇನು?

ವಾರಗಟ್ಟಲೆ ರಸ್ತೆಯ ಮೇಲೇ ಇರುವ ಡ್ರೈವರ್ ಕಚೇರಿಯ ಸಮಯಕ್ಕೆ ಬಂದು ನಿಲ್ಲುವುದು ಸುಲಭವಲ್ಲ. ಒಂದು ದಿನ ಗಾಡಿ ನಿಂತರೆ ಒಂದು ದಿನದ ಕೂಲಿ ಹೋಯಿತು. ಸಾರಿಗೆ ಇಲಾಖೆಯವರು ಹಿಂದೂಪುರ, ಕಲ್ಯಾಣದುರ್ಗದ ಲಾರಿ ಸ್ಟ್ಯಾಂಡ್ ಮತ್ತು ಮಾರ್ಕೆಟ್ ಯಾರ್ಡುಗಳಲ್ಲಿ ಕಣ್ಣಿನ ತಪಾಸಣೆ ಜೊತೆಗೆ ನವೀಕರಣ ಶಿಬಿರ ನಡೆಸಿದರೆ, ಅವಧಿ ಮುಗಿಯುವ ಮೂರು ತಿಂಗಳು ಮೊದಲೇ ಮೊಬೈಲಿಗೆ ಸಂದೇಶ ಕಳಿಸಿದರೆ, ಗಡಿ ಭಾಗದ ಕಚೇರಿಗಳಲ್ಲಿ ತೆಲುಗಿನ ಜೊತೆ ಕನ್ನಡದಲ್ಲೂ ಒಂದು ಮಾಹಿತಿ ಫಲಕ ಹಾಕಿದರೆ ಅರ್ಧ ಸಮಸ್ಯೆ ಅಲ್ಲೇ ತೀರುತ್ತದೆ. ಉಳಿದರ್ಧ ಡ್ರೈವರ್ ಮತ್ತು ಮಾಲೀಕರ ಕೈಯಲ್ಲೇ ಇದೆ. ಗಾಡಿಗೆ ಆಯಿಲ್ ಬದಲಿಸುವ ದಿನವನ್ನು ತಪ್ಪದೆ ಬರೆದಿಡುವವರು ಅದೇ ಡೈರಿಯಲ್ಲಿ ಲೈಸೆನ್ಸಿನ ತಾರೀಖನ್ನೂ ಬರೆದಿಟ್ಟರೆ ಸಾಕು.