ಕಾರಿಗೆ ದಾರಿ ಕೊಡದ ಸೇತುವೆ

ಉದ್ದ 1,191 ಮೀಟರ್. ಇಡೀ ದೇಶಕ್ಕೇ ಅತಿ ಉದ್ದದ ಸೇತುವೆ. ಆದರೆ ಅದರ ಮೇಲೆ ಸ್ವಂತ ಕಾರು ಓಡಿಸುವಂತಿಲ್ಲ! ವಿಚಿತ್ರ ಎನಿಸುತ್ತದಲ್ಲವೇ? ಇದು ಫಿನ್ಲೆಂಡಿನ ರಾಜಧಾನಿ ಹೆಲ್ಸಿಂಕಿಯ ಕ್ರೂನುವುವೊರಿ ಸೇತುವೆಯ ಕಥೆ.

ಹೆಲ್ಸಿಂಕಿ ಸಮುದ್ರದಂಚಿನ ನಗರ. ಅದರ ಮಗ್ಗುಲಲ್ಲೇ ಅನೇಕ ದ್ವೀಪಗಳಿವೆ. ಅವುಗಳಲ್ಲೊಂದಾದ ಲಾಯಸಾಲೊದಲ್ಲಿ ಹಿಂದೆ ತೈಲ ಬಂದರು ಇತ್ತು. ಅದು ಮುಚ್ಚಿದ ಮೇಲೆ ಆ ಜಾಗದಲ್ಲಿ ಹೊಸ ಬಡಾವಣೆ ತಲೆಯೆತ್ತಿತು. ದಡದಲ್ಲಿ ನಿಂತರೆ ನಗರದ ಹೃದಯಭಾಗ ಎದುರಿಗೇ ಕಾಣುತ್ತದೆ. ರಸ್ತೆ ಹಿಡಿದು ಹೊರಟರೆ ಮಾತ್ರ ಸುಮಾರು 11 ಕಿ.ಮೀ. ಸುತ್ತು! ನೇರವಾಗಿ ನೀರು ದಾಟಿದರೆ ದೂರ ಹೆಚ್ಚುಕಡಿಮೆ ಅರ್ಧಕ್ಕಿಳಿಯುತ್ತದೆ. ಅದಕ್ಕಾಗಿ ರೂಪುಗೊಂಡದ್ದೇ ಮೂರು ಸೇತುವೆಗಳ ಯೋಜನೆ. 1889ರಿಂದ ಮೃಗಾಲಯವಿರುವ ಕೊರ್ಕೆಯಸಾರಿ ದ್ವೀಪವೂ ಇದೇ ದಾರಿಯಲ್ಲಿದೆ.

ಮೂರರಲ್ಲಿ ದೊಡ್ಡದಾದ ಕ್ರೂನುವುವೊರಿ ಸೇತುವೆಗೆ 135 ಮೀಟರ್ ಎತ್ತರದ ಒಂದೇ ಗೋಪುರ. ಅದರಿಂದ ಎರಡೂ ಬದಿಗೆ ಉಕ್ಕಿನ ಕೇಬಲ್‌ಗಳು ಇಳಿದು ಸೇತುವೆಯ ಹಾಸನ್ನು ಎತ್ತಿ ಹಿಡಿದಿವೆ. ಎರಡು ಕೈಯಲ್ಲೂ ಒಂದೊಂದು ಬಿಂದಿಗೆ ನೀರು ಹಿಡಿದು ನಿಂತು ನೋಡಿ. ಒಂದನ್ನು ಕೆಳಗಿಟ್ಟರೆ ಮೈ ವಾಲುತ್ತದೆ; ಎರಡೂ ಇದ್ದರೆ ನೆಟ್ಟಗೆ ನಿಲ್ಲುತ್ತೀರಿ. ಕೈಗಳು ಎಳೆತವನ್ನು ತಾಳುತ್ತವೆ, ಕಾಲುಗಳು ಒತ್ತಡವನ್ನು ಹೊರುತ್ತವೆ. ಕೇಬಲ್ ಮತ್ತು ಗೋಪುರದ ಕೆಲಸವೂ ಇದೇ.

ಬೆಂಗಳೂರಿನ ಕೃಷ್ಣರಾಜಪುರದ ಸೇತುವೆಯನ್ನು ಜನ ತೂಗುಸೇತುವೆ ಎನ್ನುತ್ತಾರೆ. ನಿಜವಾಗಿ ಅದೂ ಇದೇ ಜಾತಿಯದು. ತೂಗುಸೇತುವೆಯಲ್ಲಿ ಮುಖ್ಯ ಕೇಬಲ್ ಗೋಪುರದಿಂದ ಗೋಪುರಕ್ಕೆ ಬಾಗಿ ಜೋತಾಡುತ್ತದೆ. ಅದರಿಂದ ಇಳಿಬಿಟ್ಟ ತಂತಿಗಳಿಗೆ ರಸ್ತೆ ಆತುಕೊಂಡಿರುತ್ತದೆ. ಇಲ್ಲಿ ಹಾಗಲ್ಲ, ಪ್ರತಿಯೊಂದು ಕೇಬಲ್ಲೂ ಗೋಪುರದಿಂದ ನೇರವಾಗಿ ಹಾಸಿಗೇ ಬಿಗಿದಿರುತ್ತದೆ.

ಹೆಲ್ಸಿಂಕಿಯ ನಗರಸಭೆ 2016ರಲ್ಲಿ ಈ ಯೋಜನೆಗೆ ಒಪ್ಪಿಗೆ ಕೊಟ್ಟಿತು. ಖರ್ಚು ಹೆಚ್ಚಾಯಿತು, ಸಮುದ್ರದ ನೋಟ ಕೆಡುತ್ತದೆ ಎಂಬ ಆಕ್ಷೇಪಗಳೂ ಬಂದವು. ಆದರೂ ಟ್ರಾಂ, ಸೈಕಲ್ ಮತ್ತು ಪಾದಚಾರಿಗಳಿಗೆ ಮಾತ್ರ ಸೇತುವೆ ಎಂಬ ನಿರ್ಧಾರ ಬದಲಾಗಲಿಲ್ಲ. ಕಾರುಗಳಿಗೂ ದಾರಿ ಬಿಟ್ಟರೆ ಅವೆಲ್ಲ ಬಂದು ಸೇರುವುದು ನಗರದ ಇಕ್ಕಟ್ಟಾದ ನಡುಭಾಗಕ್ಕೇ ತಾನೇ? 2021ರಲ್ಲಿ ಕಾಮಗಾರಿ ಆರಂಭವಾಯಿತು. 200 ವರ್ಷ ಬಾಳಬೇಕೆಂದು ಸೇತುವೆಯ ವಿನ್ಯಾಸ ಮಾಡಲಾಗಿದೆ. ಅಂದರೆ ಇಂದಿನ ಮಕ್ಕಳ ಮರಿಮಕ್ಕಳೂ ಅದರ ಮೇಲೆ ನಡೆಯಬೇಕು!

ಎಂಜಿನಿಯರ್ ಆಗಬೇಕೆನ್ನುವ ವಿದ್ಯಾರ್ಥಿಗಳು ಇಲ್ಲೊಂದು ಮಾತು ಗಮನಿಸಬೇಕು. ಸೇತುವೆ ಎಷ್ಟು ಭಾರ ಹೊರಬಲ್ಲದು ಎಂಬುದಕ್ಕೆ ಗಣಿತ ಉತ್ತರ ಹೇಳುತ್ತದೆ. ಅದು ಯಾರಿಗಾಗಿ ಎಂಬುದನ್ನು ಊರಿನವರೇ ಕೂತು ತೀರ್ಮಾನಿಸಬೇಕು. ನಮ್ಮೂರಲ್ಲಿ ಹೊಸ ಮೇಲ್ಸೇತುವೆಯ ಮಾತು ಬಂದಾಗ ಎಷ್ಟು ವಾಹನ ಓಡಬಹುದು ಎಂದು ಎಲ್ಲರೂ ಕೇಳುತ್ತಾರೆ. ಸೈಕಲ್ಲಿನಲ್ಲಿ ಶಾಲೆಗೆ ಹೋಗುವ ಹುಡುಗಿಗೆ ಅದರಲ್ಲಿ ಜಾಗವಿದೆಯೇ ಎಂದು ಪಾಲಕರೂ ಒಮ್ಮೆ ಕೇಳಬಹುದಲ್ಲ?